ಸಕ್ಕರೆಯ ಜಾಗದಲ್ಲಿ ಬೆಲ್ಲ

ತಂಗಿಯನ್ನು ನೋಡಲು ಬಂದ ವರನ ಕಡೆಯವರಿಗೆ ನಾನು ಬೆಲ್ಲ ಕೊಟ್ಟು ಸಾಗಹಾಕಿದೆ ಎಂಬ ಸುದ್ದಿ ಹುಮನಾಬಾದಿನ ತುಂಬಾ ಹರಡಿದೆ. ಕಾಲೇಜಿನ ಸ್ಟಾಫ್ ರೂಮಿನಲ್ಲಿ ಚಹಾ ಬಂದರೆ ಸಾಕು, "ಸರ್, ನಿಮಗ ಸಕ್ರಿನೋ, ಬೆಲ್ಲಾನೋ?" ಎಂದು ಕೇಳುವವರೇ ಎಲ್ಲ. ಒಬ್ಬೊಬ್ಬರು ಒಂದೊಂದು ಥರ ಹೇಳುತ್ತಿದ್ದಾರೆ. ಅದಕ್ಕಿಂತ ನಡೆದದ್ದನ್ನು ನಾನೇ ಬರೆದುಬಿಡುವುದು ಮೇಲು.

ತಪ್ಪು ನನ್ನದಲ್ಲ. ಫ್ರಾನ್ಸ್ ದೇಶದ್ದು.

ಧಾರವಾಡದಲ್ಲಿ ಕನ್ನಡ ಅಧ್ಯಾಪಕರಿಗೆಂದು ಒಂದು ಸೆಮಿನಾರ್ ಇತ್ತು. ಅಲ್ಲಿಂದ ಬರುವಾಗ ಎಲ್ಲರೂ ಪೇಢೆ ತಂದರು, ನಾನು ರಚನಾವಾದ ತಂದೆ. ಹೆಸರು ಕೇಳಿ ಪುಟ ತಿರುಗಿಸಬೇಡಿ, ವಿಷಯ ಸರಳವಾಗಿದೆ. ಈ ಶತಮಾನದ ಆರಂಭದಲ್ಲಿ ಸ್ವಿಟ್ಜರ್ಲೆಂಡಿನ ಒಬ್ಬ ಭಾಷಾ ಪ್ರಾಧ್ಯಾಪಕ ಹೇಳಿದ: ಪದಕ್ಕೆ ಅದರದೇ ಅಂತ ಅರ್ಥವಿಲ್ಲ, ಉಳಿದ ಪದಗಳ ನಡುವೆ ಅದಕ್ಕೆ ಸಿಕ್ಕ ಜಾಗವೇ ಅದರ ಅರ್ಥ. ಇದನ್ನು ಆತ ಪುಸ್ತಕ ಮಾಡುವ ಮೊದಲೇ ತೀರಿಕೊಂಡ. ಕ್ಲಾಸಿನಲ್ಲಿ ಕೂತವರ ಟಿಪ್ಪಣಿಗಳಿಂದ ಪುಸ್ತಕ ಮಾಡಿದರು. (ನನ್ನ ವಿದ್ಯಾರ್ಥಿಗಳ ಟಿಪ್ಪಣಿ ನೋಡಿರುವ ನಾನು ಅಂಥ ಆಸೆ ಇಟ್ಟುಕೊಂಡಿಲ್ಲ.)

ಎರಡನೇ ಮಹಾಯುದ್ಧದ ಹೊತ್ತಿಗೆ ಫ್ರಾನ್ಸಿನ ಮಾನವಶಾಸ್ತ್ರದವರು ಈ ಮಾತನ್ನು ಎತ್ತಿಕೊಂಡು ಪುರಾಣ, ಅಡುಗೆ, ಮದುವೆ, ನೆಂಟಸ್ತಿಕೆ ಎಲ್ಲಕ್ಕೂ ಹಚ್ಚಿದರು. ಅರವತ್ತರ ದಶಕದಲ್ಲಿ ಸಾಹಿತ್ಯ ವಿಮರ್ಶಕರ ಕೈಗೆ ಸಿಕ್ಕಿತು. ಅವರು ಕೃತಿಯನ್ನು ಒಳಗಿಟ್ಟುಕೊಂಡು ಬರೆದವನನ್ನು ಬಾಗಿಲ ಹೊರಗೆ ನಿಲ್ಲಿಸಿದರು. ಅಷ್ಟರಲ್ಲಿ ಅಲ್ಲಿಯ ಹೊಸಬರು ಇದನ್ನು ಕೆಡವಲು ಶುರುಮಾಡಿಯೂ ಆಗಿತ್ತು. ಈಗ, ಎಂಬತ್ತರ ದಶಕದಲ್ಲಿ, ನಮಗೆ ಬಂದಿದೆ. ಬೆಂಗಳೂರಿನಲ್ಲಿ ಓಡಿ ಸವೆದ ಬಸ್ಸು ನಮ್ಮ ಬೀದರ್ ಜಿಲ್ಲೆಗೆ ಬರುತ್ತದಲ್ಲ, ಹಾಗೆ. ಆದರೂ ಬಸ್ಸು ಬಸ್ಸೇ ತಾನೇ? ನಾನು ಹತ್ತಿ ಕೂತೆ.

ಹತ್ತಿದ ಮೇಲೆ ಊರೇ ಬೇರೆ ಥರ ಕಾಣತೊಡಗಿತು. ಹೋಟೆಲಿನಲ್ಲಿ ಯಾರಿಗೆ ಪಿಂಗಾಣಿ ಕಪ್ಪು, ಯಾರಿಗೆ ಹೊರಗಿಟ್ಟ ಗ್ಲಾಸು? ಮನೆಯಲ್ಲಿ ಯಾರು ಪಡಸಾಲೆವರೆಗೆ, ಯಾರು ಅಂಗಳದವರೆಗೆ? ಈ ನಿಯಮಗಳನ್ನು ಯಾರೂ ಬರೆದಿಟ್ಟಿಲ್ಲ, ಯಾರೂ ಪಾಠ ಮಾಡಿಲ್ಲ. ಆದರೆ ಒಬ್ಬ ಮುರಿದು ನೋಡಲಿ, ಊರಿಗೆ ಊರೇ ಎದ್ದು ನಿಲ್ಲುತ್ತದೆ. ಕಣ್ಣಿಗೆ ಕಾಣದ ಈ ಕಟ್ಟನ್ನು ತೋರಿಸಿಕೊಟ್ಟ ಉಪಕಾರ ಆ ಪಂಡಿತರದು, ಅದನ್ನು ನಾನು ಮರೆಯುವುದಿಲ್ಲ.

ಇನ್ನು ತಂಗಿಯ ವಿಷಯ. ಶಾಂತಾ ಕೊಡಂಬಲದ ಶಾಲೆಯಲ್ಲಿ ಶಿಕ್ಷಕಿ. ಅಪ್ಪ ತೀರಿಕೊಂಡ ಮೇಲೆ ಅವಳಿಗೆ ಗಂಡು ನೋಡುವ ಕೆಲಸ ನನ್ನದು. ಬಂದ ಸಂಬಂಧದವರೆಲ್ಲ "ನೌಕರಿ ಬಿಡಬೇಕು" ಎನ್ನುವವರೇ. ಅವಳು ಒಲ್ಲೆ ಎನ್ನುವವಳೇ. ಕೊನೆಗೆ ಬಸವಕಲ್ಯಾಣದ ಒಂದು ಮನೆಯಿಂದ ಮಾತು ಬಂತು. ಹುಡುಗ ಮುಡಬಿಯಲ್ಲಿ ಮಾಸ್ತರ. "ನೌಕರಿ ಯಾಕ ಬಿಡಬೇಕು? ಮಾಡ್ಲಿ" ಎಂದು ಹೇಳಿ ಕಳಿಸಿದ್ದ. ಶಾಂತಾ ಮೊದಲ ಸಲ ಕನ್ನಡಿ ಮುಂದೆ ಸ್ವಲ್ಪ ಹೆಚ್ಚು ಹೊತ್ತು ನಿಂತದ್ದನ್ನು ಅವ್ವ ನೋಡಿದಳು, ನಾನೂ ನೋಡಿದೆ.

ನಮ್ಮ ಕಡೆ ಮಾತುಕತೆ ಕುದುರಿದರೆ ಹೆಣ್ಣಿನವರು ಗಂಡಿನವರ ಕೈಗೆ ಸಕ್ಕರೆ ಪುಡಿ, ಅಂದರೆ ಕಾಗದದಲ್ಲಿ ಕಟ್ಟಿದ ಸಕ್ಕರೆ ಪೊಟ್ಟಣ, ಕೊಡುತ್ತಾರೆ. ಅವರು ಬಾಯಿಗೆ ಹಾಕಿಕೊಂಡರೆ ಮುಗಿಯಿತು, ಸಂಬಂಧ ಪಕ್ಕಾ. ಆದರೆ ಅವರು ಬರುವ ದಿನವೇ ಪೇಟೆಯಲ್ಲಿ ಸಕ್ಕರೆ ಇಲ್ಲ. ರೇಷನ್ ಅಂಗಡಿಗೆ ಬೀಗ.

"ಬಾಜೂಮನಿ ಖಾಲಾ ಈದಿನ ಖೀರಿಗಂತ ಒಂದೀಟು ಎತ್ತಿಟ್ಟಾಳ, ಕೇಳ್ಕೊಂಡು ಬರ್ತೀನಿ ತಡಿ" ಎಂದು ಅವ್ವ ಹೊರಟಳು.

ನಾನು ಬಿಡಬೇಕಲ್ಲ? "ಯಾಕ ಕೇಳಬೇಕವ್ವ? ಚೌಕಾಬಾರದಾಗ ಒಂದು ಕಾಯಿ ಕಳದ್ರ ಬಳಿ ಚೂರು ಇಡಂಗಿಲ್ಲೇನು? ಆಟ ನಿಲ್ತದೇನು? ಸಕ್ರಿ ಅಂದ್ರ ಒಂದು ಜಾಗಾ ಅಷ್ಟೇ. ಆ ಜಾಗಾದಾಗ ಬೆಲ್ಲ ಇಡು."

"ಓದಿದಾವ ಹೇಳಾಕತ್ತಾನ, ಇರಬೇಕು" ಎಂದು ಅವ್ವ ಬೆಲ್ಲ ಪುಡಿ ಮಾಡಲು ಕೂತಳು.

ಶಾಂತಾ ಬಾಗಿಲಲ್ಲಿ ನಿಂತು ಕೇಳಿದಳು. "ಅಣ್ಣಾ, ನಿನ್ನ ಆ ಶಾಸ್ತ್ರದಾಗ ಮದಿವಿ ಬಗ್ಗೆ ಏನ್ ಹೇಳ್ಯಾರ?"

"ಮದಿವಿನೂ ಭಾಷಾ ಇದ್ದಂಗ ಅಂತಾರ. ಮಂದಿ ಮಾತು ಕೊಟ್ಟು ತಗೊಂಡಂಗ, ಮನಿತನದವ್ರು ಹೆಣ್ಣು ಕೊಟ್ಟು ತಗೋತಾರ. ಅದರ ಮ್ಯಾಲೇ ಸಮಾಜ ನಿಂತದ."

"ಅಂದ್ರ ಚೌಕಾಬಾರದಾಗ ನಾ ಆಡಾಕಿನೋ, ಕಾಯೋ?"

"ಶಾಸ್ತ್ರದ ಪ್ರಕಾರ… ಕಾಯಿ" ಎಂದೆ. ಅವಳು ಒಳಗೆ ಹೋದಳು.

ಹುಡುಗ, ಅವನ ತಾಯಿ, ಬಟ್ಟೆ ಅಂಗಡಿ ಇಟ್ಟಿರುವ ಅವನ ಕಾಕಾ ಬಂದರು. ಬಿಸಿಲಲ್ಲಿ ಬಂದವರಿಗೆ ಪದ್ಧತಿಯಂತೆ ಬೆಲ್ಲ-ನೀರು ಕೊಟ್ಟೆವು. ಮಾತು ಚೆನ್ನಾಗಿಯೇ ನಡೆಯಿತು. ಏಳುವ ಹೊತ್ತಿಗೆ ಅವ್ವ ಕಾಕಾನ ಕೈಗೆ ಪುಡಿ ಇಟ್ಟಳು. ಆತ ಬಿಚ್ಚಿ ನೋಡಿದ. ಒಂದು ಚೂರು ಬಾಯಿಗೆ ಹಾಕಿಕೊಂಡು, "ಬೆಲ್ಲ ಚಲೋ ಅದರಿ" ಎಂದ. ಟೊಪ್ಪಿಗೆ ಹಾಕಿಕೊಂಡು ಹೊರಟ. ಬಸ್ ಸ್ಟ್ಯಾಂಡಿನವರೆಗೆ ಹೋಗಿ ಕಳಿಸಿ ಬಂದೆ. ಥಿಯರಿ ಕೆಲಸ ಮಾಡಿತು ಎಂದು ಬೀಗಿದೆ.

ಆಮೇಲೆ ಸುದ್ದಿಯೇ ಇಲ್ಲ. ಕೊನೆಗೆ ಬಸವಕಲ್ಯಾಣದಿಂದ ಬಂದುಹೋಗುವ ನಮ್ಮ ಕಾಲೇಜಿನ ಗುಮಾಸ್ತ ಅಲ್ಲಿಯ ಮಾತು ತಂದ. ಕಾಕಾ ಅಂಗಡಿಯಲ್ಲಿ ಕೂತು ಹೇಳುತ್ತಿದ್ದನಂತೆ: "ಹುಡುಗಿ ನಮ್ಮ ಮನಸಿಗಿ ಬಂದಿದ್ಳು. ಅವ್ರೇ ಬ್ಯಾಡ ಅಂದ್ರು. ಬಂದಾಗೂ ಬೆಲ್ಲ, ಹೋಗೋ ಮುಂದೂ ಬೆಲ್ಲ! ಇನ್ನ ಹ್ಯಾಂಗ ಹೇಳ್ಬೇಕ್ರಿ?" ಮುಂದಿನ ಐತವಾರ ಅವರು ಮೋರಖಂಡಿಗೆ ಬೇರೆ ಹುಡುಗಿಯನ್ನು ನೋಡಲು ಹೊರಟಿದ್ದರು.

ಆಗ ನನಗೆ ಹೊಳೆಯಿತು. ಬಳೆ ಚೂರಿಗೆ ಆಟದಲ್ಲಿ ಬೇರೆ ಕೆಲಸವಿಲ್ಲ, ಎಲ್ಲಿಟ್ಟರೂ ನಡೆಯುತ್ತದೆ. ಬೆಲ್ಲಕ್ಕೆ ಮೊದಲೇ ಒಂದು ಜಾಗವಿತ್ತು. ಅದು ದಾರಿಹೋಕನಿಗೂ ಕೊಡುವ ಉಪಚಾರ. ಸಕ್ಕರೆ, ನೀವು ನಮ್ಮವರು ಎನ್ನುವ ಮಾತು. ಮೇಲಾಗಿ ನಮ್ಮ ಕಡೆ ಮನೆಗೆ ಬಂದವರ ಮುಖಕ್ಕೆ ಯಾರು ಬೇಡ ಎನ್ನುತ್ತಾರೆ? ಹೀಗೇ ಸುತ್ತಿ ಬಳಸಿ ತಿಳಿಸುತ್ತಾರೆ. ಅರ್ಥ ಹುಟ್ಟುವುದು ಜಾಗದಿಂದ, ವ್ಯತ್ಯಾಸದಿಂದ ಎಂದು ಸೆಮಿನಾರಿನಲ್ಲಿ ಹೇಳಿದ್ದೂ ಇದನ್ನೇ. ಥಿಯರಿ ಅಕ್ಷರಶಃ ಗೆದ್ದಿತ್ತು, ನನ್ನ ತಂಗಿ ಸೋತಿದ್ದಳು. ನನಗೆ ನಾಚಿಕೆಗಿಂತ ಹೆಚ್ಚು ಹೆದರಿಕೆಯಾಯಿತು. ನೌಕರಿ ಮಾಡಲಿ ಎನ್ನುವ ಇನ್ನೊಬ್ಬ ಹುಡುಗನನ್ನು ಎಲ್ಲಿಂದ ತರಲಿ?

ಹೋಗಿ ಹೇಳಿಬಿಡಬಹುದಿತ್ತಲ್ಲ ಎನ್ನುತ್ತೀರಿ. ಹೆಣ್ಣಿನವರು ತಾವಾಗಿ ಬೆನ್ನು ಹತ್ತಬಾರದು ಎಂಬ ಇನ್ನೊಂದು ನಿಯಮವಿದೆಯಲ್ಲ! ಯಾರನ್ನು ನಡುವೆ ಹಾಕುವುದು ಎಂದು ನಾನೂ ಅವ್ವನೂ ಚರ್ಚೆ ಮಾಡಿದ್ದೇ ಮಾಡಿದ್ದು. ಶನಿವಾರ ಬೆಳಗಿನ ಶಾಲೆ ಮುಗಿಸಿ ಮಧ್ಯಾಹ್ನ ಬರಬೇಕಾದ ಶಾಂತಾ ಬಂದದ್ದು ಸಂಜೆಗೆ.

"ಎಲ್ಲಿ ಹೋಗಿದ್ದೆವ್ವಾ?" ಎಂದಳು ಅವ್ವ.

"ಕಲ್ಯಾಣಕ್ಕ. ಖಾಲಾನ ಕಡಿಂದ ಸಕ್ರಿ ಇಸ್ಕೊಂಡು ಹೋಗಿದ್ದೆ."

ಮುಂದಿನದನ್ನೂ ಅವಳೇ ಹೇಳಿದಳು. "ಮೊದಲ ಬೆಲ್ಲ-ನೀರು ಕೊಟ್ರು. ಕುಡದೆ. ಆಮ್ಯಾಲ ಅವರವ್ವನ ಕೈಯಾಗ ಪುಡಿ ಇಟ್ಟೆ. ಅವತ್ತ ಸಕ್ರಿ ಸಿಕ್ಕಿದ್ದಿಲ್ರಿ, ಇವತ್ತ ಸಿಕ್ಕದ ಅಂದೆ."

"ಹುಡುಗಿ ತಾನೇ ತರ್ತಾಳೇನು ಅಂತ ಬೈಲಿಲ್ಲ?" ಎಂದು ಅವ್ವ ಕೇಳಿದಳು.

"ಕಾಕಾ ಬೈಯಾಕಂತ ಬಾಯಿ ತಗದ್ರು. ಅಷ್ಟರಾಗ ಅವರವ್ವ ಆ ಬಾಯಾಗ ಸಕ್ರಿ ಹಾಕಿದ್ರು."

ಅವ್ವ ನಕ್ಕಳು, ನಗುನಗುತ್ತಲೇ ಸೆರಗಿನಿಂದ ಕಣ್ಣು ಒರೆಸಿಕೊಂಡಳು. ಮೋರಖಂಡಿ ಪ್ರಯಾಣ ರದ್ದಾಗಿದೆ, ಮದುವೆ ಬೇಸಿಗೆ ರಜೆಯಲ್ಲಿ. ಖಾಲಾಗೆ ಈದಿಗೆ ಮೊದಲು ಸಕ್ಕರೆ ಮುಟ್ಟಿಸುವ ಜವಾಬ್ದಾರಿ ನನ್ನ ಮೇಲೆ ಬಿದ್ದಿದೆ.

ಧಾರವಾಡದಲ್ಲಿ ಕೇಳಿದ್ದನ್ನೆಲ್ಲ ಮತ್ತೆ ನೆನಪಿಸಿಕೊಂಡು ನೋಡಿದೆ. ನಿಯಮದ ಬಗ್ಗೆ ಹೇಳಿದ್ದರು, ಜಾಗದ ಬಗ್ಗೆ ಹೇಳಿದ್ದರು, ಕಾಯಿಯ ಬಗ್ಗೆಯೂ ಹೇಳಿದ್ದರು. ಇದನ್ನು ಮಾತ್ರ ಯಾರೂ ಹೇಳಿರಲಿಲ್ಲ: ಕಾಯಿಯೇ ಎದ್ದು ಕಲ್ಯಾಣದ ಬಸ್ಸು ಹತ್ತಿದರೆ, ಆಟ ಯಾರದು?