ಟವೆಲಿನೊಳಗಿನ ಮಿಣುಕುಗಲ್ಲು

ಏಳುಕೆರೆ ಸೀಮೆಗೆಲ್ಲ ಮಿಣುಕುಗಲ್ಲು ಇದ್ದದ್ದು ಒಂದೇ. ಅದೂ ಆನವಟ್ಟಿಯ ನಮ್ಮ ಮನೆಯ ಜಗಲಿಯಲ್ಲಿ, ನನ್ನ ಮೊಮ್ಮಗಳ ಕಂಪಾಸ್ ಡಬ್ಬಿಯೊಳಗೆ. ಹೊರಗಿನವರ ಕಣ್ಣಿಗೆ ಅದು ಪಟಿಕ. ಕ್ಷೌರ ಆದ ಮೇಲೆ ಕೆನ್ನೆಗೆ ಉಜ್ಜಿಕೊಳ್ಳುವ ಬಿಳಿ ಗಟ್ಟಿ. ನನ್ನ ಶೇವಿಂಗ್ ಸಾಮಾನಿನಿಂದಲೇ ಹೋದದ್ದು.

ಆ ಸೀಮೆಯನ್ನು ಆಟಕ್ಕೆಂದು ಮನಸ್ಸಿನಲ್ಲೇ ಕಟ್ಟಿದವಳು ಅವಳೇ. ಆರನೇ ಕ್ಲಾಸಿನಲ್ಲಿ ಶುರು ಮಾಡಿದಳು. ಅಲ್ಲಿ ಏಳು ಕೆರೆ, ಏಳನೆಯದು ತಳ ಕಾಣುವಷ್ಟು ಬತ್ತಿದ ವರ್ಷ ಮಾತ್ರ ಈ ಕಲ್ಲು ಸಿಗುತ್ತದೆ. ದಾರಿ ತಪ್ಪಿದವರ ಕೈಯಲ್ಲಿ ಮಿಣುಕುತ್ತದೆ. ಕುಬಟೂರಿನ ಗುಡಿಯ ಕಂಬಗಳಲ್ಲಿ ಮುಖ ಕಾಣುತ್ತದಲ್ಲ, ಆ ಹೊಳಪೂ ಇದರಿಂದ ಉಜ್ಜಿ ಬಂದದ್ದಂತೆ. ಆದರೆ ಒಂದು ಕಟ್ಟಳೆ: ಕಲ್ಲಿನ ಬೆಲೆಯನ್ನು ಬಾಯಿ ಬಿಟ್ಟು ಹೇಳಿದರೆ ಆ ಕ್ಷಣವೇ ಬೆಳಕು ಆರಿ, ಅದು ಬರೀ ಕಲ್ಲಾಗುತ್ತದೆ.

ಈ ಕಟ್ಟಳೆ ಎಲ್ಲಿಂದ ಬಂತೆಂದು ನನಗೆ ಗೊತ್ತಿತ್ತು. ನಾನು ದನದ ಸಂತೆಯಲ್ಲಿ ದಲ್ಲಾಳಿಯಾಗಿ ಬೆಳೆದವನು. ನಾಲ್ಕನೇ ಕ್ಲಾಸಿಗೆ ಶಾಲೆ ಬಿಟ್ಟು, ಮೊದಲು ಇನ್ನೊಬ್ಬರ ಎತ್ತು ಹೊಡೆದುಕೊಂಡು ಹೋಗಿ, ಆಮೇಲೆ ಸ್ವಂತ ಮಾತಿನ ಮೇಲೆ ನಿಂತೆ. ನಮ್ಮಲ್ಲಿ ಬೆಲೆ ಕೂಗುವುದಿಲ್ಲ. ಕೈಗಳ ಮೇಲೆ ಟವೆಲ್ ಹಾಕಿ, ಅದರೊಳಗೆ ಬೆರಳು ಹಿಡಿದು ತಿಳಿಸುತ್ತೇವೆ. ಸುತ್ತ ಹತ್ತು ಜನ ನಿಂತಿದ್ದರೂ ಬೆಲೆ ಗೊತ್ತಾಗುವುದು ಇಬ್ಬರಿಗೇ. ವ್ಯಾಪಾರ ಬೇಡವಾದವನು ಕೈ ಎಳೆದುಕೊಳ್ಳುತ್ತಾನೆ. ಎಳೆಯದಿದ್ದರೆ ಮಾತು ಇನ್ನೂ ಜೀವಂತ ಎಂದು ಅರ್ಥ. ಎತ್ತು ಕೊಳ್ಳುವವರಿಗೆ ಈಗಲೂ ಹೇಳುತ್ತೇನೆ, ಎದುರಿನವನ ಮುಖ ನೋಡಬೇಡಿ. ಮುಖ ಸುಳ್ಳು ಹೇಳುತ್ತದೆ, ಕೈ ಹೇಳುವುದಿಲ್ಲ.

ಹೀಗೆ ದಿನಾ ಸಂಜೆ ನಾನು ಪರದೇಶದ ಸಾಹುಕಾರ, ಅವಳು ಕಲ್ಲಿನ ಒಡತಿ. ಆ ಸೀಮೆಯಲ್ಲಿ ದುಡ್ಡಿಲ್ಲ. ಕಲ್ಲು ಬೇಕಾದವನು ಇಷ್ಟು ದಿನ ಅಲ್ಲೇ ಇರುತ್ತೇನೆಂದು ಒಪ್ಪಬೇಕು. ಬೆರಳಿಗೊಂದು ದಿನ. ನನ್ನ ಐದೂ ಬೆರಳು ಹಿಡಿದು ಬಿಡುತ್ತಿದ್ದಳು, ಮತ್ತೆ ಹಿಡಿಯುತ್ತಿದ್ದಳು.

"ಏನವ್ವಾ ಇದು, ಸುಲಿಗೆ!" ಅಂದರೆ, "ಬ್ಯಾಡಾದ್ರೆ ಬಿಡಜ್ಜ, ಗಿರಾಕಿ ಬೇಕಾದಷ್ಟು ಅದಾರೆ" ಅನ್ನುತ್ತಿದ್ದಳು. ನನ್ನದೇ ಮಾತು, ನನಗೇ.

ಏಳನೇ ಕ್ಲಾಸು ಮುಗಿಯುವಾಗ ಮಗ ಶಿಕಾರಿಪುರದ ಒಂದು ಹಾಸ್ಟೆಲ್ ಶಾಲೆ ನೋಡಿ ಬಂದ. ಅಪ್ಪ ಕೇಳಿದ್ದಕ್ಕೆ ಅವಳು "ಹೂಂ" ಅಂದಳು. ಅಪ್ಪ ಏನು ಕೇಳಿದರೂ ಅವಳದು ಹೂಂ. ಅದು ಮಗನಿಗೂ ಗೊತ್ತಿತ್ತು.

"ಅಪ್ಪಾಜಿ, ನಿಮ್ಮ ಹತ್ರ ಆದ್ರೆ ಖರೆ ಹೇಳ್ತಾಳೆ. ನೀವೇ ಕೇಳ್ರಿ. ಅವಳಿಗೆ ಮನಸ್ಸಿಲ್ದೆ ಕಳಿಸಾದು ನಂಗೂ ಬ್ಯಾಡ" ಅಂದ.

ನನಗೆ ಹಾಸ್ಟೆಲ್ ಬೇಕಿತ್ತು. ಓದಲಾಗದವನಿಗೆ ಇರುವ ಆಸೆ ಅದು. ಅವತ್ತು ಸಂಜೆ ಟವೆಲ್ ಹಾಸಿದೆ. "ಇವತ್ತು ಕಲ್ಲಿನ ವ್ಯಾಪಾರ ಅಲ್ಲ. ನೀ ಹಾಸ್ಟೆಲಿಗೆ ಹೋಗು. ತಿಂಗಳಿಗೆ ಎಷ್ಟು ಸಲ ಮನೀಗೆ ಕರ್ಕಂಡ್ ಬರ್ಲಿ?" ಅಂದು ಅವಳ ಒಂದು ಬೆರಳು ಹಿಡಿದೆ.

ಅವಳು ಕೈ ಎಳೆಯಲಿಲ್ಲ. ಎರಡು ಹಿಡಿದೆ. ಎಳೆಯಲಿಲ್ಲ. ಮೂರು. ಮೊಮ್ಮಗಳು ನನ್ನನ್ನೇ ಮೀರಿಸಿದಳಲ್ಲ ಎಂದು ಒಳಗೇ ಹಿಗ್ಗಿದೆ. ನಾಲ್ಕು ಹಿಡಿದೆ, ಅಂದರೆ ವಾರಕ್ಕೊಂದು ಸಲ. ನನ್ನ ಅಂಗೈಯನ್ನು ಬಿಗಿಯಾಗಿ ಹಿಡಿದಳು. ಕುದುರಿತು ಅಂದುಕೊಂಡೆ. ಒಳಗೆ ಹೋಗಿ, "ಒಪ್ಪಿದಾಳೆ. ಪ್ರತಿ ಭಾನುವಾರ ಕರ್ಕಂಡ್ ಬರೋದು ನನ್ನ ಪಾಲು" ಎಂದು ಮಗನಿಗೆ ಹೇಳಿದೆ. ಅವನು ಅರ್ಜಿ ತುಂಬಲು ಕೂತ.

ಮರುದಿನ ಬೆಳಿಗ್ಗೆ ನಾನು ಕನ್ನಡಿಯ ಮುಂದೆ ಗಡ್ಡಕ್ಕೆ ನೊರೆ ಹಚ್ಚಿಕೊಂಡಿದ್ದೆ. ಅವಳು ಕಂಪಾಸ್ ಡಬ್ಬಿ ಹಿಡಿದು ಬಂದು ಪಕ್ಕದಲ್ಲಿ ನಿಂತಳು.

"ಅಜ್ಜ, ನಾ ಎಲ್ಲಿ ಬೆರಳು ಹಿಡ್ದೆ?"

"ಹಿಡೀಲಿಲ್ಲ. ಆದ್ರೆ ಕೈ ಎಳೀಲಿಲ್ಲಲ್ಲ ನೀನು."

"ನಿನ್ ಕೈ ಹಿಡ್ಕಂಡಿದ್ದೆ, ಅಷ್ಟೇ. ವ್ಯಾಪಾರ ಮಾಡ್ತಿರ್ಲಿಲ್ಲ."

ರೇಜರ್ ಜಾರಿ ಗಲ್ಲ ಕೊಯ್ದಿತು. ಎಷ್ಟು ಸಂತೆ, ಎಷ್ಟು ಜನರ ಕೈ ಆ ಟವೆಲಿನೊಳಗೆ ಹಿಡಿದಿದ್ದೆ! ಒಂದು ಕೈ ಇನ್ನೊಂದನ್ನು ಬೆಲೆಗಲ್ಲದೆ, ಹೆದರಿಕೆಗೂ ಹಿಡಿಯುತ್ತದೆ ಎಂದು ಒಮ್ಮೆಯೂ ಹೊಳೆದಿರಲಿಲ್ಲ.

ಅವಳು ಡಬ್ಬಿ ತೆರೆದು ಕಲ್ಲನ್ನು ಅಂಗೈ ಮೇಲೆ ಇಟ್ಟುಕೊಂಡಳು. "ಇದರ ಬೆಲೆ ಹೇಳ್ತೀನಿ ಕೇಳು" ಅಂದಳು.

"ಬ್ಯಾಡವ್ವಾ, ಆರಿ ಹೋಗ್ತದೆ." ಗಾಬರಿಯಿಂದಲೇ ಅಂದೆ. ನಿಜಕ್ಕೂ ಗಾಬರಿ.

"ಆರ್ಲಿ. ನಾನು ಹಾಸ್ಟೆಲಿಗೆ ಹೋಗಲ್ಲ. ಇಲ್ಲೇ ಹೈಸ್ಕೂಲಿಗೆ ಹೋಗ್ತೀನಿ. ಇದೇ ಬೆಲೆ."

ಗಟ್ಟಿಯಾಗಿಯೇ ಹೇಳಿದಳು. ಅಡಿಗೆಮನೆಯ ಬಾಗಿಲಲ್ಲಿ ಚಹಾ ಕುಡಿಯುತ್ತ ನಿಂತಿದ್ದ ಅವಳ ಅಪ್ಪನಿಗೂ ಕೇಳುವಷ್ಟು. ಅವನು ನನ್ನ ಮುಖ ನೋಡಿದ. "ವ್ಯಾಪಾರ ಮುರಿದುಬಿತ್ತಪ್ಪ. ತಪ್ಪು ದಲ್ಲಾಳಿದು" ಅಂದೆ. ಅವನು ಲೋಟ ಕೆಳಗಿಟ್ಟು, "ಇದನ್ನ ಮೊದಲ್ನೇ ದಿನಾನೇ ಹೇಳೋಕೇನಾಗಿತ್ತೇ ನಿಂಗೆ?" ಎಂದು ಅವಳ ತಲೆಗೆ ಮೆಲ್ಲಗೆ ಒಂದು ಮೊಟಕಿದ. ಅರ್ಜಿ ಅರ್ಧ ತುಂಬಿದ್ದು ಹಾಗೇ ಟಿವಿಯ ಹಿಂದೆ ಹೋಯಿತು.

ಮಕ್ಕಳಿರುವವರಿಗೆ ನನ್ನ ಬುದ್ಧಿಮಾತು ಇಷ್ಟೇ: ಎತ್ತಿಗೆ ಟವೆಲ್ ಹಾಸಿ, ಮಕ್ಕಳಿಗೆ ಹಾಸಬೇಡಿ. ಕೇಳಿ, ಕೇಳಿದ ಮೇಲೆ ಸುಮ್ಮನೆ ಕೂತುಕೊಳ್ಳಿ. ಅವರ ಬಾಯಿಂದ ಬರುವವರೆಗೆ ಬೆಲೆ ಏರಿಸಬೇಡಿ.

ಅವಳು ಕಲ್ಲನ್ನು ಬೆಳಕಿಗೆ ಹಿಡಿದು, ಹಿಂದೆ ಮುಂದೆ ತಿರುಗಿಸಿ ನೋಡಿದಳು. ಎರಡು ವರ್ಷ ಮಿಣುಕಿದ್ದ ಕಲ್ಲು. ಆಮೇಲೆ ಅದನ್ನು ನನ್ನ ಶೇವಿಂಗ್ ಬಟ್ಟಲಿನ ಪಕ್ಕದಲ್ಲಿ ಇಟ್ಟಳು.

"ತಗಾ ಅಜ್ಜ. ರಕ್ತ ಬರ್ತಾ ಐತಿ, ಗಲ್ಲಕ್ಕೆ ಹಚ್ಕೋ."

ಹಚ್ಚಿಕೊಂಡೆ. ಉರಿಯಿತು, ರಕ್ತ ನಿಂತಿತು.