ಎಲ್ಲರ ತಲೆಗೂ ಒಂದೇ ಪೇಟ

ನಮ್ಮ ಕನ್ನಡ ಬಳಗದಲ್ಲಿ ಇರುವುದು ಒಂದೇ ಮೈಸೂರು ಪೇಟ. ಸನ್ಮಾನ ಯಾರಿಗೇ ಆಗಲಿ, ಅದನ್ನೇ ತಲೆಗಿಟ್ಟು, ಫೋಟೊ ತೆಗೆದು, ಅವರು ವೇದಿಕೆ ಇಳಿಯುವಷ್ಟರಲ್ಲಿ ಕಿತ್ತು ಪ್ಲಾಸ್ಟಿಕ್ ಡಬ್ಬಿಗೆ ಹಾಕಿಬಿಡುತ್ತಾರೆ. ಒಳಗಿನ ಅಂಚು ಊರ ಜನರ ಬೆವರು, ತಲೆಯೆಣ್ಣೆ ಕುಡಿದು ಜಿಡ್ಡುಗಟ್ಟಿದೆ. ಮುಟ್ಟಿದರೆ ಕೈ ತೊಳೆಯಬೇಕು ಅನ್ನಿಸುತ್ತದೆ. ಈಗಂತೂ ಆ ಡಬ್ಬಿ ಕಂಡರೇ ದೂರ ಸರಿದು ನಿಲ್ಲುತ್ತೇನೆ. ಅದಕ್ಕೆ ಕಾರಣ ನಮ್ಮ ಪಕ್ಕದ ಮನೆಯ ಇಂಗ್ಲಿಷ್ ನಟರು.

ನಾವಿರುವ ಅಮೆರಿಕದ ವುಡಿನ್‌ವಿಲ್‌ನಲ್ಲಿ ನಮ್ಮ ಪಕ್ಕದ ಮನೆಯಾಕೆ ತನ್ನ ತಂದೆಯನ್ನು ಇಂಗ್ಲೆಂಡಿನಿಂದ ಕರೆಸಿಕೊಂಡಿದ್ದಳು. ಎಂಬತ್ತು ದಾಟಿದ, ಎತ್ತರದ ಮನುಷ್ಯ. ಬೇಲಿಯಾಚೆ ಗುಲಾಬಿ ಗಿಡ ಸವರುತ್ತಿದ್ದ ಅವರನ್ನು ಮೊದಲ ಸಲ ನೋಡಿದಾಗ ಎಲ್ಲೋ ಕಂಡ ಮುಖ ಅನ್ನಿಸಿತು. ಹಾಗೆಂದು ಹೇಳಿದ್ದಕ್ಕೆ, ಎಲ್ಲರೂ ಹಾಗೇ ಅನ್ನುತ್ತಾರೆ, ಹೆಸರು ಮಾತ್ರ ಯಾರಿಗೂ ಹೊಳೆಯುವುದಿಲ್ಲ ಎಂದು ನಕ್ಕರು. ಜೀವನವಿಡೀ ನಾಟಕ, ಟೀವಿ, ಸಿನಿಮಾಗಳಲ್ಲಿ ಸಣ್ಣ ಸಣ್ಣ ಪಾತ್ರ ಮಾಡಿದವರು. ದೊಡ್ಡ ಮನೆಯ ಬಾಗಿಲು ತೆಗೆಯುವ ಆಳು, ಶವಸಂಸ್ಕಾರದ ಪಾದ್ರಿ, ಮೂಲೆಯಲ್ಲಿ ನಿಂತ ಪೊಲೀಸು. ಹೆಚ್ಚಾಗಿ ಡಾಕ್ಟರು. "ನಮ್ಮ ಕೈಲಾದದ್ದೆಲ್ಲ ಮಾಡಿದೆವು ಅಂತ ಎಷ್ಟು ಮನೆಯವರಿಗೆ ಹೇಳಿದ್ದೇನೋ, ಒಬ್ಬ ರೋಗಿಯನ್ನೂ ಉಳಿಸಲಿಲ್ಲ," ಅನ್ನುತ್ತಿದ್ದರು. ಊರೂರು ತಿರುಗುತ್ತ ಒದ್ದೆ ಹಾಸಿಗೆಯ ಬಾಡಿಗೆ ಕೋಣೆಗಳಲ್ಲಿ ಮಲಗಿ, ಬೇಯಿಸಿದ ಎಲೆಕೋಸು ತಿಂದು ಬದುಕಿದ ಕಥೆಗಳನ್ನು ನಗುನಗುತ್ತಲೇ ಹೇಳುತ್ತಿದ್ದರು.

ಒಂದು ಭಾನುವಾರ ಮಗಳು ಚಹಾಕ್ಕೆ ಕರೆದು, ಅಪ್ಪನ ಹಳೆಯ ಟೀವಿ ನಾಟಕವೊಂದನ್ನು ಹಾಕಿದಳು. ಪರದೆಯ ಮೇಲೆ ಒಬ್ಬ ಹಿಂದೂಸ್ತಾನದ ಜವಾನ ಬಂದ. ಮುಖಕ್ಕೆಲ್ಲ ಕಂದು ಬಣ್ಣ, ತಲೆಗೊಂದು ದೊಡ್ಡ ರುಮಾಲು. ಕತ್ತು ಕುಣಿಸುತ್ತ ದೊರೆಗೆ ಏನೇನೋ ಒದರಿದ. ಟೀವಿಯೊಳಗಿನ ಪ್ರೇಕ್ಷಕರು ಹೊಟ್ಟೆ ಹಿಡಿದು ನಕ್ಕರು. ಕಾಲರಿನ ಕೆಳಗೆ ಬಣ್ಣ ಮುಗಿದು ಬಿಳಿ ಚರ್ಮ ಕಾಣುತ್ತಿತ್ತು. ಅದು ಅವರೇ ಎಂದು ಗೊತ್ತಾದಾಗ ಚಹಾದ ಕಪ್ಪನ್ನು ಕೆಳಗಿಟ್ಟುಬಿಟ್ಟೆ. ಇಂಥವರ ಪಕ್ಕ ಇಷ್ಟು ದಿನ ಕೂತಿದ್ದೆನಲ್ಲ ಎಂದು ಮೈ ಉರಿಯಿತು.

ಅವರೇ ಎದ್ದು ಟೀವಿ ಆರಿಸಿದರು. "ನನಗೂ ಅಸಹ್ಯ," ಅಂದರು. "ಇದು ಯಾವ ಭಾಷೆ ಅಂತ ನಿರ್ದೇಶಕರನ್ನು ಕೇಳಿದ್ದೆ. ಭಾಷೆಯೂ ಇಲ್ಲ ಏನೂ ಇಲ್ಲ, ಸುಮ್ಮನೆ ಒದರು ಅಂದರು. ಒದರಿದೆ. ಆ ನಗು ಇನ್ನೂ ನನ್ನ ಕಿವಿಯಲ್ಲಿದೆ." ನನ್ನೆದುರಿಗೆ ಕುರ್ಚಿ ಎಳೆದು ಕೂತು, ನಾನು ಬಳಗಕ್ಕೆ ನಾಟಕ ಬರೆಯುವುದು ನಿಜವೇ ಎಂದು ಕೇಳಿದರು. ಸಾಯುವುದರೊಳಗೆ ಒಂದೇ ಒಂದು ಸಲ ನಿಮ್ಮ ಜನರೆದುರು ನಿಮ್ಮ ಭಾಷೆಯನ್ನು ಸರಿಯಾಗಿ ಆಡಬೇಕು, ಯಾರೂ ನಗಬಾರದು ಎಂದರು. ನನ್ನ ಸಿಟ್ಟು ಅಲ್ಲಿಗೆ ಇಳಿಯಿತು.

ಅವರಿಗೆಂದೇ ನಾಟಕ ಬರೆದೆ. ಹಿಂದಿನ ಕಾಲದ ಮೈಸೂರಿನಲ್ಲಿ ಒಬ್ಬ ಬಿಳಿ ಅಧಿಕಾರಿ. ಬೆಳ್ಳಿ ಚಮಚ ಕದ್ದನೆಂದು ಅಡುಗೆಯವನನ್ನು ಜೈಲಿಗೆ ಹಾಕಿಸುತ್ತಾನೆ, ಅಡುಗೆಯವನು ಅಲ್ಲೇ ಸಾಯುತ್ತಾನೆ. ಊರು ಬಿಡುವ ಹೊತ್ತಿಗೆ ಚಮಚ ಅಧಿಕಾರಿಯ ಪೆಟ್ಟಿಗೆಯಲ್ಲೇ ಸಿಗುತ್ತದೆ. ಕೊನೆಯಲ್ಲಿ ಆತ ಅಡುಗೆಯವನ ಹೆಂಡತಿಯ ಮುಂದೆ ಟೋಪಿ ತೆಗೆದು ನಿಂತು, ಕನ್ನಡದಲ್ಲಿ ಎಲ್ಲವನ್ನೂ ಒಪ್ಪಿಕೊಳ್ಳುತ್ತಾನೆ. ಆ ದೀರ್ಘವಾದ ಮಾತೇ ನಾಟಕದ ಜೀವ. ಹೆಂಡತಿಯ ಪಾತ್ರ ನನ್ನದು.

ನಗರದ ನಡುವಿನ ಡೆನ್ನಿ ಟ್ರಯಾಂಗಲ್‌ನ ಆಫೀಸಿನಿಂದ ನಾನು ಬರುವುದನ್ನೇ ಕಾಯುತ್ತ ಅವರು ನಮ್ಮ ಗ್ಯಾರೇಜಿನ ಮುಂದೆ ನಿಂತಿರುತ್ತಿದ್ದರು. ಆ ಗ್ಯಾರೇಜಿನಲ್ಲೇ, ಕಿವಿಯಲ್ಲಿ ಕೇಳಿಯೇ ಮಾತು ಕಲಿತರು. 'ಳ'ಕಾರಕ್ಕಾಗಿ ನಾಲಗೆ ಮಡಿಸಿ ಮಡಿಸಿ ದವಡೆ ನೋಯಿಸಿಕೊಂಡರು. 'ತಾಯಿ' ಅನ್ನುವಾಗ ತಲೆ ಎಷ್ಟು ಬಗ್ಗಬೇಕು ಎಂದು ಕೇಳಿದರು. ಕೊನೆಕೊನೆಗೆ ಒಂದು ದಿನ ನನ್ನ ಗಂಡ ವಾಷಿಂಗ್ ಮಷೀನ್ ನಿಲ್ಲಿಸಿ ಬಾಗಿಲಲ್ಲೇ ನಿಂತು ಪೂರ್ತಿ ಕೇಳಿದ. ಮುಗಿದ ಮೇಲಷ್ಟೇ ಒಳಗೆ ಹೋದ.

ಬಳಗದ ಅಧ್ಯಕ್ಷರೂ ಒಮ್ಮೆ ಬಂದು ನೋಡಿದರು. ನನ್ನನ್ನು ಪಕ್ಕಕ್ಕೆ ಕರೆದು, "ಮೇಡಂ, ಇಷ್ಟು ನೀಟಾಗ್ ಮಾತಾಡಿದ್ರೆ ಏನ್ ಮಜಾ? ಸ್ವಲ್ಪ ತಪ್ಪು ತಪ್ಪಾಗಿ ಮಾತಾಡ್ಸಿ. ಬಿಳಿ ತಾತ ಬಟ್ಲರ್ ಕನ್ನಡ ಮಾತಾಡಿದ್ರೆ ಜನ ಬಿದ್ದು ಬಿದ್ದು ನಗ್ತಾರೆ," ಅಂದರು.

"ಅವ್ರು ನಗ್ಸೋಕೆ ಮಾಡ್ತಿಲ್ಲ ಸರ್," ಎಂದು ಒಳಗೆ ನಡೆದೆ.

ಕಾರ್ಯಕ್ರಮ ಇದ್ದದ್ದು ಇಲ್ಲೇ ಹತ್ತಿರದ ಕೆಂಟ್‌ನ ಒಂದು ಶಾಲೆಯ ಸಭಾಂಗಣದಲ್ಲಿ, ಶನಿವಾರ ಬೆಳಗ್ಗೆ. ನಾವು ಬಣ್ಣ ಹಚ್ಚಿಕೊಳ್ಳುವ ಕೋಣೆಯಲ್ಲೇ ಬಿಸಿಬೇಳೆಬಾತಿನ ಟ್ರೇಗಳನ್ನು ತಂದಿಟ್ಟರು. ಯಾರ್‍ಯಾರೋ ನುಗ್ಗಿ ಫಾಯಿಲ್ ಹರಿದು, ಬೂಂದಿಗೆ ಕೈ ಹಾಕಿ, ಅದೇ ಕೈಯಲ್ಲಿ ಅವರ ಕೋಟು ಮುಟ್ಟಿ ಸೆಲ್ಫಿ ತೆಗೆದುಕೊಂಡರು. ಅವರು ಕಣ್ಣು ಮುಚ್ಚಿ, ತುಟಿಯಲ್ಲೇ ಮಾತು ಹೇಳಿಕೊಳ್ಳುತ್ತ ಕೂತಿದ್ದರು.

ನಾಟಕ ಚೆನ್ನಾಗಿ ನಡೆಯುತ್ತಿತ್ತು. ಕೊನೆಯ ದೃಶ್ಯ ಬಂತು. ಅವರು ಟೋಪಿ ತೆಗೆದು ನನ್ನ ಮುಂದೆ ನಿಂತರು, ಉಸಿರೆಳೆದುಕೊಂಡರು. ಆಗ ಸಭಾಂಗಣದ ದೀಪಗಳೆಲ್ಲ ಹತ್ತಿಕೊಂಡವು.

"ಒಂದೇ ನಿಮಿಷ, ಒಂದೇ ನಿಮಿಷ!" ಮೈಕು ಹಿಡಿದು ಅಧ್ಯಕ್ಷರು ವೇದಿಕೆ ಹತ್ತಿದರು. "ನಮ್ಮ ಮುಖ್ಯ ಅತಿಥಿಗಳು ಅರ್ಜೆಂಟಾಗಿ ಹೊರಡ್ಬೇಕಂತೆ. ನಾಟಕ ಎಲ್ಲೂ ಓಡಿಹೋಗಲ್ಲ. ಸನ್ಮಾನ ಮುಗಿಸ್ಬಿಡೋಣ!"

ಮುಖ್ಯ ಅತಿಥಿ ಅಂದರೆ ಮನೆ ಮಾರಿಸುವ ದಲ್ಲಾಳಿ. ಅವತ್ತಿನ ಊಟ ಅವನದು. ಹಲ್ಲು ಕಿರಿಯುತ್ತ ಬಂದು ನಟರ ಕೋಟಿನ ಮೇಲೆ ಶಾಲು ಹೊದಿಸಿದ, ಕೈಗೆ ಹಣ್ಣಿನ ಬುಟ್ಟಿ ತುರುಕಿದ, ಆಮೇಲೆ ಆ ಹೊಲಸು ಪೇಟ. ಅದು ಅವರ ತಲೆಗೆ ದೊಡ್ಡದಾಗಿ ಕಣ್ಣಿನವರೆಗೆ ಜಾರಿತು. ಜನ ಆಗಲೇ ಕಿಸಕ್ಕೆಂದರು.

"ಸರ್, ಸರ್! ಒನ್ ಲೈನ್ ಇನ್ ಕನ್ನಡ!" ಎಂದು ಅಧ್ಯಕ್ಷರು ಮೈಕನ್ನು ಅವರ ಬಾಯಿಗೆ ಹಿಡಿದರು.

ಅವರು ಪೇಟವನ್ನು ಹಣೆಯ ಮೇಲಕ್ಕೆ ಸರಿಸಿ ನನ್ನತ್ತ ನೋಡಿದರು. ಇನ್ನೂ ಪಾತ್ರದಲ್ಲೇ ಇದ್ದರು. ತಲೆ ಬಗ್ಗಿಸಿ, ಅಚ್ಚುಕಟ್ಟಾಗಿ ಹೇಳಿದರು: "ತಾಯಿ, ನಿನ್ನ ಗಂಡ ಕಳ್ಳನಲ್ಲ."

ಸಭಾಂಗಣ ಗೊಳ್ಳೆಂದಿತು. ಸೀಟಿ, ಕೇಕೆ, ಎಲ್ಲರ ಕೈಯಲ್ಲೂ ಮೊಬೈಲು. ನಗು ಇಳಿಯಲಿ ಎಂದು ಅವರು ಕಾದರು. ಎರಡನೆಯ ಸಾಲಿಗೆ ಬಾಯಿ ತೆರೆಯುವಷ್ಟರಲ್ಲಿ ಅಧ್ಯಕ್ಷರು ಮೈಕು ಕಿತ್ತುಕೊಂಡು, "ಸೋ ಸ್ವೀಟ್! ಎಷ್ಟ್ ಮುದ್ದಾಗ್ ಮಾತಾಡ್ತಾರೆ ನೋಡಿ! ಜೋರಾಗಿ ಒಂದು ಚಪ್ಪಾಳೆ!" ಅಂದರು.

"ಅವ್ರ ಮಾತು ಮುಗ್ದಿಲ್ಲ, ಸುಮ್ನಿರ್‍ರೀ!" ಎಂದು ಕೂಗಿದೆ. ಮೈಕಿಲ್ಲದ ನನ್ನ ಕೂಗು ಚಪ್ಪಾಳೆಯಲ್ಲಿ ಮುಳುಗಿಹೋಯಿತು.

ಆಮೇಲೆ ದಲ್ಲಾಳಿ ಮನೆ ಸಾಲದ ಬಡ್ಡಿಯ ಬಗ್ಗೆ ಭಾಷಣ ಕೊರೆದ. ಅದು ಮುಗಿಯುತ್ತಲೇ ಊಟ ಬಡಿಸಿದೆ ಎಂಬ ಘೋಷಣೆ. ಸಭೆ ಎದ್ದು ಬಾಳೆಕಾಯಿ ಬಜ್ಜಿಯ ಸಾಲಿಗೆ ಓಡಿತು. ಶಾಲೆಯವರು ಹಾಲ್ ಖಾಲಿ ಮಾಡಿ ಅನ್ನುತ್ತಿದ್ದಾರೆ ಎಂದು ಅಧ್ಯಕ್ಷರು ಕೈ ಚೆಲ್ಲಿದರು. ನಾನು ಜಗಳಕ್ಕೇ ನಿಂತೆ. ಅವರು ಬಜ್ಜಿ ಅಗಿಯುತ್ತಲೇ, "ಅಯ್ಯೋ ಬಿಡಿ ಮೇಡಂ, ಕಥೆ ಎಲ್ರಿಗೂ ಅರ್ಥ ಆಯ್ತಲ್ಲ. ಇನ್ನೇನು, ಸಾರಿ ಕೇಳ್ತಾರೆ, ಅಷ್ಟೇ ತಾನೆ?" ಅಂದರು. ಬಾಯಿಂದ ಹಿಟ್ಟಿನ ಚೂರು ನನ್ನ ಸೀರೆಗೆ ಸಿಡಿಯಿತು. ಅದನ್ನು ಒರೆಸಿಕೊಳ್ಳಲೂ ನನಗೆ ಹೇಸಿಗೆಯಾಯಿತು.

ನಟರು ಖಾಲಿ ಕುರ್ಚಿಗಳ ಎದುರು, ವೇದಿಕೆಯ ಮೇಲೆ ಇನ್ನೂ ಅಲ್ಲೇ ನಿಂತಿದ್ದರು. ದೀಪ ಆರಿಸುತ್ತಾರೆ, ದೃಶ್ಯ ಮುಂದುವರಿಯುತ್ತದೆ ಎಂದು ಕಾಯುತ್ತಿದ್ದರಂತೆ. ಖಜಾಂಚಿ ಬಂದು, ಪಾತ್ರೆಯ ಮುಚ್ಚಳ ತೆಗೆದ ಹಾಗೆ ಅವರ ತಲೆಯಿಂದ ಪೇಟ ಎತ್ತಿಕೊಂಡ. "ಮುಂದಿನ ವಾರ ಇನ್ನೊಂದು ಸನ್ಮಾನ ಇದೆ ಮೇಡಂ," ಎಂದು ಡಬ್ಬಿ ಮುಚ್ಚಿದ.

ಊಟ ಮಾಡದೆ ಹೊರಟೆವು. ಹೆದ್ದಾರಿಯಲ್ಲಿ ವಾಹನಗಳು ನಿಂತುಬಿಟ್ಟಿದ್ದವು. ಕ್ಷಮಿಸಿ ಎಂದು ಎಷ್ಟು ಸಲ ಹೇಳಿದೆನೋ. ಅವರು ತಲೆಯಾಡಿಸುತ್ತಿದ್ದರು, ಅಷ್ಟೇ. ಮಧ್ಯಾಹ್ನದ ಬೆಳಕಿನಲ್ಲಿ ಆಗ ಕಂಡಿತು, ಅವರ ಬಿಳಿ ಹಣೆಯ ಸುತ್ತ ಪೇಟದ ಜಿಡ್ಡು ಕಂದು ಪಟ್ಟಿಯಾಗಿ ಅಂಟಿಕೊಂಡಿತ್ತು. ಟಿಶ್ಯೂ ಕೊಟ್ಟೆ.

ಅವರು ಸೀಟಿನ ಮುಂದೆ ಮಡಚಿದ್ದ ಕಾರಿನ ಕನ್ನಡಿ ಇಳಿಸಿ ನೋಡಿಕೊಂಡರು. ನಿಧಾನವಾಗಿ ಒರೆಸಿಕೊಂಡು, ಟಿಶ್ಯೂಗೆ ಹತ್ತಿದ ಬಣ್ಣವನ್ನು ದಿಟ್ಟಿಸಿದರು.

"ಆವತ್ತು ನನ್ನ ಮುಖಕ್ಕೆ ಬಣ್ಣ ಬಳಿದವರು," ಅಂದರು, "ಮಾತು ಮುಗಿಸೋದಕ್ಕಾದರೂ ಬಿಟ್ಟಿದ್ದರು."