ಮುಚ್ಚಳದ ಮೇಲಿನ ಕಲ್ಲು

ಸಂಡೂರು ರಸ್ತೆಯ ಆ ಮೆಕ್ಯಾನಿಕ್ ನಮ್ಮ ಕಾರಿನ ಬಾನೆಟ್ ಮೇಲೆ ಅಂಗೈ ಊರಿ, ಎಂಜಿನ್ ತಣ್ಣಗಾಗುವವರೆಗೆ ನಿಂತಿರುತ್ತಿದ್ದ. ಆಮೇಲೆ ಎಂಜಿನ್ ತಂಪಾಗಿಡುವ ಹಸಿರು ನೀರನ್ನು, ಹಳೆಯ ಕೂಲಂಟನ್ನು, ತಗಡಿನ ಡಬ್ಬಕ್ಕೆ ಇಳಿಸಿ, ಹೊಸದನ್ನು ತುಂಬುವ ಮೊದಲೇ ಡಬ್ಬಕ್ಕೆ ಮುಚ್ಚಳ ಹಾಕಿ ಮೇಲೊಂದು ಕಲ್ಲಿಡುತ್ತಿದ್ದ. "ಸಿಹಿ ಇರ್ತೈತ್ರಿ," ಎನ್ನುತ್ತಿದ್ದ, ಪ್ರತಿ ಸಲವೂ. ಯಾರಿಗೆ ಸಿಹಿ ಎಂದು ನಾನು ಕೇಳಿರಲಿಲ್ಲ.

ಅದಿರಿನ ಲಾರಿಗಳು ಎಡೆಬಿಡದೆ ಓಡುತ್ತಿದ್ದ ಕಾಲ. ಒಂದು ಮಧ್ಯಾಹ್ನ ನಮ್ಮ ನಾಯಿಮರಿಯೂ ಕಾರಿನಲ್ಲಿತ್ತು. ನಾನು ಬಾಗಿಲು ತೆರೆದೊಡನೆ ಅವನು ಅಡ್ಡ ಬಂದ.

"ಅದನ್ನ ಇಳಿಸಬ್ಯಾಡ್ರಿ. ಸಿಹಿ ಅಂತ ನೆಕ್ತೈತಿ, ಆಮ್ಯಾಲೆ ಉಳಿಯಂಗಿಲ್ಲ."

ಆಗ ನೋಡಿದೆ. ಸಾಲು ಗ್ಯಾರೇಜುಗಳ ಮುಂದೆ ಲಾರಿಗಳಿಂದ ಇಳಿಸಿದ ಹಸಿರು ನೀರು ಕೆಂಪು ಧೂಳಿನಲ್ಲಿ ಮಡುಗಟ್ಟಿ ನಿಂತಿತ್ತು. ಮರಿ ಕಿಟಕಿಯಿಂದ ಒಂದೇ ಸಮನೆ ಬೊಗಳುತ್ತಿತ್ತು. ಅಷ್ಟುದ್ದದ ಬೀದಿಯಲ್ಲಿ ಒಂದು ನಾಯಿಯೂ ತಿರುಗಿ ಬೊಗಳಲಿಲ್ಲ.

ಅವನ ಗ್ಯಾರೇಜಿನ ಬಾಗಿಲಲ್ಲಿ ಬೀದಿನಾಯಿಗಳಿಗೆಂದು ಇಟ್ಟ ಮಣ್ಣಿನ ಬೋಗುಣಿಯೊಂದಿತ್ತು. ಅದರ ನೀರಿನ ಮೇಲೆ ಧೂಳು ಕೆನೆಗಟ್ಟಿತ್ತು. ಯಾವ ಮೂತಿಯೂ ಆ ಕೆನೆಯನ್ನು ಒಡೆದಿರಲಿಲ್ಲ. ಅವನು ಆ ನೀರನ್ನು ಚೆಲ್ಲಿ, ಬೋಗುಣಿ ತೊಳೆದು, ಹೊಸ ನೀರು ತುಂಬಿದ. ಲೊಚಗುಟ್ಟಿ ಕರೆದ. ಸ್ವಲ್ಪ ಹೊತ್ತು ಕಾದು, ಯಾವುದೋ ನಾಯಿ ಬಂತೆಂಬಂತೆ ಪಕ್ಕಕ್ಕೆ ಸರಿದು ದಾರಿ ಬಿಟ್ಟ.

ಕಾರಿನೊಳಗೆ ನಮ್ಮ ಮರಿ ಬೊಗಳುವುದನ್ನು ನಿಲ್ಲಿಸಿತು.